ಪುಸ್ತಕದ ಬೆನ್ನಿನಲ್ಲಿದ್ದ ಹೆಸರು

ಮ್ಯಾಟಿನಿ ಬಿಟ್ಟು ಜನ ಬಸ್ಸಿಗೆ ಸಾಲು ನಿಂತಿದ್ದರು. ದರ್ಜಿ ಹೆಂಗಸಿನ ಮುಂದೆ ಅಕ್ಕ, ತಮ್ಮ. ಬೇಡವೆಂದರೂ ಅವರ ಮಾತು ಅವಳ ಕಿವಿಗೆ ಬೀಳುತ್ತಿತ್ತು.

“ಮಾಟದ ಪುಸ್ತಕ ಹುಡುಕೋ ಸಿನಿಮಾಗೆ ಯಾರಾದ್ರೂ ಹೀಗೆ ಬೆವರ್ತಾರೇನೋ? ದಿನಾ ಪುಸ್ತಕ ಬೈಂಡ್ ಮಾಡೋನು ನೀನು.”

“ಅಕ್ಕ, ಕೊನೇಲಿ ಆ ಪುಸ್ತಕದ ಬೆನ್ನು ಹರಿದರಲ್ಲ, ಒಳಗೆ ಪೆನ್ಸಿಲಲ್ಲಿ ಹೆಸರಿತ್ತು. ನನ್ನ ಕೈಬರಹ.”

“ನನಗೇನೂ ಕಾಣಲಿಲ್ಲಪ್ಪ.”

“ಪುಸ್ತಕ ಅದಲುಬದಲು ಆಗಬಾರದು ಅಂತ ತಂದವರ ಹೆಸರು ಬೆನ್ನಿಗೆ ಬರೆದು, ಮೇಲೆ ಕಾಗದ ಅಂಟಿಸ್ತೀನಿ. ಆಮೇಲೆ ಅದು ಯಾರ ಕಣ್ಣಿಗೂ ಬೀಳಲ್ಲ.”

“ಯಾರ ಹೆಸರಿತ್ತು?”

“ಭಾವಂದು.”

ಅಕ್ಕ ಚೀಲವನ್ನು ಈ ಕೈಯಿಂದ ಆ ಕೈಗೆ ಬದಲಿಸಿದಳು.

“ಇಂಥದೇ ಪುಸ್ತಕದ ಹುಚ್ಚು ಅವರಿಗೂ. ಹನ್ನೊಂದು ವರ್ಷ ಆಯ್ತು, ಪತ್ತೆಯಿಲ್ಲ. ಆವತ್ತು ಪುಸ್ತಕ ಹಿಡ್ಕೊಂಡು ನಿನ್ನ ಅಂಗಡಿಗೇ ಅಂತ ಹೊರಟಿದ್ರು. ಬರಲೇ ಇಲ್ಲ ಅಂದಿದ್ದೆಯಲ್ಲೋ ನೀನು.”

ಬಸ್ಸು ಬಂತು. ತಮ್ಮ ಹತ್ತಿದ. ಅಕ್ಕ ಸಾಲು ಬಿಟ್ಟು, ತಿರುಗಿಯೂ ನೋಡದೆ ನಡೆದುಹೋದಳು.

ದರ್ಜಿಯೂ ಅದೇ ಸಿನಿಮಾ ನೋಡಿ ಬಂದವಳು. ಹೊಲಿಗೆ ಕಂಡಲ್ಲಿ ಅವಳ ಕಣ್ಣು ನೆಟ್ಟುಬಿಡುತ್ತದೆ. ಹರಿದ ಆ ಬೆನ್ನಿನೊಳಗೆ ಬರೀ ದಾರವಿತ್ತು. ಒಂದಕ್ಷರವೂ ಇರಲಿಲ್ಲ.