ಬಿಸಿ ಅಂಟಿನ ತೊಟ್ಟಿಲು

ದೀಪ ಸ್ವಲ್ಪ ಸಣ್ಣ ಮಾಡಿ, ಮಗು ಎದ್ದೀತು. ಮೆಲ್ಲಗೆ ಹೇಳ್ತೀನಿ, ಮಧ್ಯೆ ಬಾಯಿ ಹಾಕಬೇಡಿ. ನಂಬೋದು ಬಿಡೋದು ನಿಮಗೆ ಬಿಟ್ಟಿದ್ದು.

ನಮ್ಮ ದೊಡ್ಡಮ್ಮನ ಮಗ ಗೊತ್ತಲ್ಲ, ಅಂಟಣ್ಣ? ಮುರಿದ ಕುರ್ಚಿ, ಸೀಳಿದ ಮಣೆ, ಏನೇ ಕೊಟ್ಟರೂ ಅಂಟಿಸಿ ಕೊಡ್ತಾನೆ. ಮೊಳೆ ಮುಟ್ಟೋದಿಲ್ಲ, ಎಲ್ಲಾ ಕತೆಯಂಟಿನ ಕೆಲಸ. ಆ ಅಂಟು ಬರೋದು ಹಾಳುಬಾವಿ ಕಟ್ಟೆಯಿಂದ. ಒಂದು ಕತೆ ಕೊನೆವರೆಗೂ ಗೊತ್ತಿದ್ದವರೆಲ್ಲ ಅದನ್ನ ಮರೆತುಬಿಟ್ಟರೆ ಅದು ಕಲ್ಲಿನ ಸಂದಿಯಿಂದ ಒಸರುತ್ತೆ, ಮರದಿಂದ ಗೋಂದು ಒಸರೋ ಹಾಗೆ. ಆರಿ ಕಪ್ಪಾದ ಮೇಲೇ ಕೆರೆದು ತರಬೇಕು. ಬಿಸಿ ಇರುವಾಗ ಮುಟ್ಟೋ ಹಾಗಿಲ್ಲ. ಯಾಕಂದ್ರೆ ಮರೆತವರಿಗೆ ಬೆಳಗಾಗೋದ್ರೊಳಗೆ ನೆನಪಾದ್ರೆ, ಅಂಟು ತಾನಾಗೇ ಕಲ್ಲೊಳಗೆ ಇಂಗಿ ಹೋಗುತ್ತೆ. ಉಪವಾಸ ಬಿದ್ದರೂ ಈ ಕಸುಬಿನವರು ಆ ಮಾತು ಮೀರೋದಿಲ್ಲ.

ಇವನು ಮೀರಿದ. ಅದೂ ನನ್ನ ಸಲುವಾಗಿ.

ನಂಗಾಗ ದಿನ ತುಂಬಿತ್ತು. ತೊಟ್ಟಿಲು ಬೇಗ ಬೇಕು ಅಂತ ಅವನ ಪ್ರಾಣ ತಿಂತಿದ್ದೆ. ಅವತ್ತು ಕತ್ತಲಾದ ಮೇಲೆ ಅಂಗಡಿ ಮುಚ್ಚಿ ಬಾವಿ ಪಕ್ಕದ ದಾರೀಲೇ ಮನೆಗೆ ಹೊರಟಿದ್ದ. ಗಾಳಿ ಇಲ್ಲ. ಆದರೂ ಸದ್ದು... ಪಿಸ್... ಪಿಸ್... ಪಾತ್ರೆ ಮುಚ್ಚಳದಡಿ ಉಗಿ ಬಿಟ್ಟ ಹಾಗೆ. ಕಟ್ಟೆ ಮೇಲೆ ಅಂಗೈಯಷ್ಟು ಅಂಟು. ಹಳದಿ. ಮುಟ್ಟಿದ್ರೆ ಬಿಸಿ.

ಯಾರೋ ಮುದುಕರ ಹಳೇ ಕತೆ, ನಂಗೇನು ಅಂದುಕೊಂಡು ಡಬ್ಬಿಗೆ ಕೆರೆದುಕೊಂಡ. ತಿರುಗಿ ಅಂಗಡಿಗೆ ಹೋಗಿ ತೊಟ್ಟಿಲ ನಾಲ್ಕೂ ಮೂಲೆ ಕೂಡಿಸೇಬಿಟ್ಟ.

ಮನೆ ಬಾಗಿಲಲ್ಲೇ ಅವನ ಹೆಂಡತಿ ತಡೆದಳು.

"ಶ್... ಅತ್ತೆ ಯಾಕೋ ಸರಿ ಇಲ್ಲ ಕಣ್ರೀ."

"ಏನಾಯ್ತು?"

"ಮಗಳಿಗೆ ಕತೆ ಹೇಳ್ತಾ ಹೇಳ್ತಾ... ಸುಮ್ಮನಾಗಿಬಿಟ್ರು."

ದೊಡ್ಡಮ್ಮ ಹೇಳ್ತಿದ್ದದ್ದು ಒಂದೇ ಕತೆ. ಒಬ್ಬ ಬಡಗಿ ಸಂಜೆ ಹೊತ್ತು ಗರಗಸ ಹೆಗಲಿಗೆ ಹಾಕಿಕೊಂಡು ಮನೆ ಬಿಡ್ತಾನೆ. ಕಾಡು ದಾಟ್ತಾನೆ, ಹೊಳೆ ದಾಟ್ತಾನೆ, ದೀಪ ಇಲ್ಲದ ಊರಿಗೆ ಬರ್ತಾನೆ. ಆಮೇಲೆ? ಯಾರಿಗೂ ಗೊತ್ತಿಲ್ಲ. ಆ ಊರು ಬರೋದ್ರೊಳಗೆ ನಾವೆಲ್ಲ ನಿದ್ದೆ ಹೋಗಿರ್ತಿದ್ವಿ. ಹಗಲು ಕೇಳಿದ್ರೆ "ಹಗಲು ಹೊತ್ತಲ್ಲಿ ಎಂಥ ಕತೆ, ನಡಿ" ಅಂತ ಗದರೋಳು. ಕೊನೆ ಗೊತ್ತಿದ್ದದ್ದು ಅವಳೊಬ್ಬಳಿಗೇ.

ನಮ್ಮ ದೊಡ್ಡಪ್ಪನೂ ಬಡಗಿ. ಅಂಟಣ್ಣ ಕೂಸಾಗಿದ್ದಾಗ ಒಂದು ಸಂಜೆ ಗರಗಸ ತಗೊಂಡು ಹೋದವರು ತಿರುಗಿ ಬರಲಿಲ್ಲ. ಎಲ್ಲಿಗೆ, ಯಾಕೆ, ದೊಡ್ಡಮ್ಮನ್ನ ಕೇಳೋ ಧೈರ್ಯ ಯಾರಿಗಿತ್ತು? ಆ ಕತೆಯ ಕೊನೇಲಿ ಅಪ್ಪ ಸಿಗ್ತಾರೆ ಅಂತ ಅಂಟಣ್ಣ ಚಿಕ್ಕಂದಿನಿಂದ ನಂಬಿಕೊಂಡಿದ್ದ.

ಒಳಗೆ ಹೋದ.

"ಅಮ್ಮಾ, ದೀಪ ಇಲ್ಲದ ಊರಿಂದ ಬಡಗಿ ಎಲ್ಲಿಗೆ ಹೋದ?"

ದೊಡ್ಡಮ್ಮ ಅವನ ಮುಖಾನೇ ನೋಡಿದಳು. "ಯಾವ ಬಡಗಿನಪ್ಪಾ?"

ಅವನ ಬೆರಳ ಸಂದಿಯಲ್ಲಿ ಅಂಟು ಇನ್ನೂ ಬೆಚ್ಚಗಿತ್ತು.

ಎದ್ದು ಬಿದ್ದು ಬಾವಿ ಕಟ್ಟೆಗೆ ಓಡಿದ. ಡಬ್ಬಿ ತಳದಲ್ಲಿ ಉಳಿದಿದ್ದನ್ನ ಕಲ್ಲಿಗೆ ಒತ್ತಿ ಬೆಳಗಾಗೋವರೆಗೂ ಕೂತ. ಇಂಗಲಿಲ್ಲ. ಕಪ್ಪಾಯ್ತು.

ಇದನ್ನೆಲ್ಲ ಆಗ ನಂಗೆ ಹೇಳಲಿಲ್ಲ ಪುಣ್ಯಾತ್ಮ. ತೊಟ್ಟಿಲು ತಂದಿಟ್ಟ. ಮಗು ಹುಟ್ಟಿತು. ಆಮೇಲೆ ದಿನಾ ರಾತ್ರಿ ಬರೋಕೆ ಶುರು ಮಾಡಿದ. ಮಗೂನ ಎತ್ತಿಕೊಳ್ಳೋನಲ್ಲ, ಮಾತಾಡಿಸೋನಲ್ಲ. ತೊಟ್ಟಿಲ ಮೂಲೆಗೆ ಕಿವಿ ಕೊಟ್ಟು ಕೂರೋನು.

"ಏನಣ್ಣ ಮುಚ್ಚಿಡ್ತಿದ್ದೀಯ?"

"ಏನಿಲ್ಲ ಕಣೇ, ಜಾಯಿಂಟ್ ನೋಡ್ತಿದ್ದೀನಿ."

ಜಾಯಿಂಟನ್ನ ಕಿವಿಯಲ್ಲಿ ನೋಡ್ತಾರಾ ಯಾರಾದ್ರೂ? ನಂಗೆ ಅನುಮಾನ ಬರದೆ ಇರುತ್ತಾ? ಒಂದು ರಾತ್ರಿ ನಿದ್ದೆ ಬಂದವಳ ಹಾಗೆ ಕಣ್ಮುಚ್ಚಿ ಮಲಗಿದೆ. ಮರ ಕಿರ್ರ್... ಅಂತು. ತೂಗ್ತಿದ್ದವರು ಯಾರೂ ಇಲ್ಲ. ಆಮೇಲೆ ಮಗು... "ಹೂಂ." ಸ್ವಲ್ಪ ಹೊತ್ತು ಬಿಟ್ಟು ಮತ್ತೆ... "ಹೂಂ." ಯಾರಾದ್ರೂ ಕತೆ ಹೇಳುವಾಗ ನಾವು ಹೂಂಗುಡ್ತೀವಲ್ಲ, ಥೇಟ್ ಹಾಗೇ. ಇನ್ನೂ ಕತ್ತು ನಿಲ್ಲದ ಕೂಸು ಕಣ್ರೀ ಅದು.

ಎದ್ದವಳೇ ಅಂಟಣ್ಣನ ತೋಳು ಹಿಡಿದೆ. ಆಗ ಎಲ್ಲಾ ಬಾಯಿ ಬಿಟ್ಟ.

"ನಾಳೆನೇ ಇದನ್ನ ಒಲೆಗೆ ಹಾಕ್ತೀನಿ" ಅಂದೆ.

"ಕತೆ ಮುಗಿಯೋವರೆಗೂ ಬಿಡೇ, ತಂಗಿ. ನಂಗಂತೂ ಕೇಳಿಸ್ತಿಲ್ಲ... ಮಗೂಗಾದ್ರೂ ಕೇಳಿಸ್ತಿದೆ."

ಪಾಪ ಅನ್ನಿಸ್ತು. ಸಿಟ್ಟೂ ಬಂತು. ಮಗು ನಂದಲ್ವಾ? ಎತ್ತಿಕೊಳ್ಳೋಕೆ ಬಗ್ಗಿದೆ.

ಅಷ್ಟರಲ್ಲಿ ಹೂಂ ನಿಂತಿತು.

ಮಗು ನಿಧಾನಕ್ಕೆ ಬಾಗಿಲ ಕಡೆ ಮುಖ ತಿರುಗಿಸಿ ನಕ್ಕಿತು. ಅಂಟಣ್ಣನೂ ತಿರುಗಿದ. "ಅಪ್ಪಾ?" ಅಂದ, ಪಿಸುಮಾತಲ್ಲಿ. ಬಾಗಿಲು ಹಾಕಿತ್ತು. ಅಗುಳಿ ಅಲ್ಲಾಡಿರಲಿಲ್ಲ. ನಾನು ಮಗೂನ ಎತ್ತಿಕೊಂಡೆ.

ಅವತ್ತಿಂದ ಮಗು ಹೂಂಗುಟ್ಟಿಲ್ಲ. ನೀವು ಒರಗಿಕೊಂಡಿದ್ದೀರಲ್ಲ, ಅದೇ ತೊಟ್ಟಿಲು. ನಗೋದಾದ್ರೆ ನಗಿ. ಆದರೆ ಮಾರನೇ ಬೆಳಗ್ಗೆ ಮನೆ ಗುಡಿಸಿದೋಳು ನಾನು. ಬಾಗಿಲ ಒಳಗಡೆ, ಹೊಸ್ತಿಲ ಪಕ್ಕ, ಒಂದು ಹಿಡಿ ಮರದ ಹೊಟ್ಟು ಬಿದ್ದಿತ್ತು. ಆಗಷ್ಟೇ ಕೊಯ್ದದ್ದು, ಹಸಿ ಮರದ ವಾಸನೆ ಇನ್ನೂ ಇತ್ತು. ನಮ್ಮ ಮನೇಲಿ ಗರಗಸ ಇಲ್ಲ.