ಗಾಸ್ಪಾರಪ್ಪ ಹಾಕಿದ ಚೀಟಿ

ಬಂದ್ರಾ? ಕೂತ್ಕೊಳಿ. ಹಿಂದಿರೋರು ಮುಂದೆ ಬನ್ನಿ. ಆ ಕಂಬ ಬಿಡಪ್ಪ, ಅದು ನಾನು ಒರಗೋ ಕಂಬ. ಹೋದ ವಾರ ನೀವೆಲ್ಲ ಮೂಡಲ ಕೇರಿ ದ್ಯಾವೀರಮ್ಮನ ಜಗಲಿಗೆ ಹೋಗಿದ್ರಿ ಅಂತ ನನಗೆ ಗೊತ್ತು. ಜಾಗ ಸಾಲದೆ ಜನ ಬೀದೀಲಿ ನಿಂತು ಕಥೆ ಕೇಳಿದ್ರಂತೆ. ಕೇಳ್ಲಿ ಬಿಡಿ. ನನಗೇನೂ ಹೊಟ್ಟೆಕಿಚ್ಚಿಲ್ಲ. ಇದೆ, ಸ್ವಲ್ಪ ಇದೆ. ಅದಕ್ಕೇ ಇವತ್ತು ಹೊಟ್ಟೆಕಿಚ್ಚಿನ ಕಥೇನೇ ಹೇಳ್ತೀನಿ. ಹೂಂಗುಟ್ತಾ ಇರಿ, ಇಲ್ಲದಿದ್ರೆ ಅರ್ಧಕ್ಕೇ ಎದ್ದು ಒಳಗೆ ಹೋಗ್ತೀನಿ.

ಏಳು ಸಮುದ್ರ ದಾಟಿ, ಎಂಟನೇದಕ್ಕೆ ಕಾಲಿಡೋಕೆ ಮುಂಚೆ ಒಂದು ನಾಡಿತ್ತು. ಹೆಸರು ಬೇಡ, ಹೇಳಿದ್ರೆ ದಾರಿ ಕೇಳ್ತೀರಿ. ಆ ನಾಡಲ್ಲಿ ರೊಟ್ಟಿ ಮೊಳದುದ್ದ. ಹಾಲನ್ನ ಒಡೆಸಿ, ಹಿಂಡಿ, ಗಟ್ಟಿ ಮಾಡಿ ಚೀಸು ಅಂತ ಮಾಡ್ತಾರೆ, ಊರಿಗೊಂದು ಥರ. ಒಂದು ಕಾಲಕ್ಕೆ ಅಲ್ಲೂ ರಾಜ ಇದ್ದ. ಜನಕ್ಕೆ ಸಿಟ್ಟು ಬಂತು, ರಾಜನ ತಲೆ ತೆಗೆದ್ರು. ತೆಗೆದಾದ ಮೇಲೆ ಅರಮನೆ ಖಾಲಿ ಬಿತ್ತು, ನೋಡೋಕೆ ಬೇಜಾರಾಯ್ತು. ಆಗ ಏನು ಮಾಡಿದ್ರು? ಏಳು ವರ್ಷಕ್ಕೊಂದು ಸಲ ಊರೂರಲ್ಲಿ ಚೀಟಿ ಹಾಕಿ ಒಬ್ಬನ್ನ ಆರಿಸೋದು, ಅವನನ್ನ ಆ ಅರಮನೇಲಿ ಕೂರಿಸೋದು. ಅವನಿಗೆ ಅಧ್ಯಕ್ಷ ಅಂತ ಹೆಸರು. ಕಿರೀಟ ಒಂದು ಇಲ್ಲ, ಮಿಕ್ಕಿದ್ದೆಲ್ಲ ಇದೆ.

ಇನ್ನೊಂದು ಮಾತು ಕೇಳ್ಕೊಳಿ, ಮುಂದೆ ಬೇಕಾಗುತ್ತೆ. ಅಲ್ಲಿ ಜನ ಆರಿಸಿದ ದೊಡ್ಡ ಸಭೆ ಅಂತ ಬೇರೆ ಇದೆ. ಆ ಸಭೇಲಿ ಯಾವ ಕಡೆ ಜನ ಹೆಚ್ಚೋ ಆ ಕಡೆಯೋರೇ ಪ್ರಧಾನಿ ಆಗಬೇಕು. ಬುಧವಾರ ಬೆಳಗ್ಗೆ ಅಧ್ಯಕ್ಷ ಈಚೆ, ಪ್ರಧಾನಿ ಆಚೆ, ಒಂದೇ ಮೇಜಿಗೆ ಎದುರುಬದುರು ಕೂತು ನಾಡಿನ ಕೆಲಸ ನೋಡಬೇಕು. ಇಷ್ಟೇ ಕಾನೂನು.

ಆ ನಾಡಿನ ಒಂದು ಬೆಟ್ಟದೂರಲ್ಲಿ ಚೀಸು ಮಾಡೋರ ಮಗ ಒಬ್ಬನಿದ್ದ, ಗಾಸ್ಪಾರ್ ಅಂತ. ನನ್ನ ನಾಲಿಗೆಗೆ ಅದು ಹತ್ತೋದಿಲ್ಲ, ನಾನು ಗಾಸ್ಪಾರಪ್ಪ ಅಂತೀನಿ. ಆಳು ಎತ್ತರ, ಕೈ ಅಗಲ. ಕೈಕುಲುಕಿದ್ರೆ ಸಂಜೆವರೆಗೂ ಬಿಸಿ ಇರೋದು. ಅದೇ ಊರಲ್ಲಿ ಅಂಚೆ ಹಂಚೋಳು ಒಬ್ಬಳು, ಒದಿಲ್ ಅಂತ. ಒದಿಲಮ್ಮ ಅನ್ನೋಣ. ಬೆಟ್ಟದ ಒಂದೊಂದು ಬಾಗಿಲೂ ಅವಳಿಗೆ ಗೊತ್ತು, ಒಂದೊಂದು ನಾಯೀನೂ ಗೊತ್ತು. ಅಕ್ಷರ ದುಂಡಗೆ. ಗಾಸ್ಪಾರ್ ಅಂತ ಬರೆದ್ರೆ ಮೊದಲ ಅಕ್ಷರದ ಬಾಲ ಎಳೆದು ಮೇಲಕ್ಕೆ ಸುತ್ತೋಳು, ಕರು ಬಾಲ ಎತ್ತಿದ ಹಾಗೆ. ಆ ಬಾಲ ನೆನಪಿಟ್ಕೊಳಿ.

ಗಾಸ್ಪಾರಪ್ಪ ಮೊದಲು ಊರ ಪಂಚಾಯ್ತಿ ಚೇರ್ಮನ್ ಆಗೋಕೆ ನಿಂತ. ಅವನ ಕಾಗದ ಬರೆದೋಳು ಒದಿಲಮ್ಮ, ಭಾಷಣ ಬರೆದೋಳು ಒದಿಲಮ್ಮ, ಬಾಗಿಲು ತಟ್ಟಿದೋಳೂ ಒದಿಲಮ್ಮ. ಚೀಟಿ ಹಾಕೋ ದಿನ ಬಂತು. ಅಲ್ಲಿ ಪರದೆ ಹಿಂದೆ ಹೋಗಿ, ಅಚ್ಚು ಹಾಕಿದ ಚೀಟಿ ಬೇಕಾದ್ರೆ ಅದು, ಬೇಡ ಅಂದ್ರೆ ಬಿಳೀ ಚೀಟಿ ಮೇಲೆ ಇಷ್ಟ ಬಂದ ಹೆಸರು ಬರೆದು, ಲಕೋಟೆಗೆ ಹಾಕಿ ಪೆಟ್ಟಿಗೆಗೆ ಬಿಡಬೇಕು. ಪೆಟ್ಟಿಗೆ ಕಾಯೋರು ಹಾಕಿದೋರ ಹೆಸರು ಕೂಗಿ "ಮತ ಹಾಕಿದ್ದಾರೆ" ಅಂತ ಸಾರಬೇಕು. ಗಾಸ್ಪಾರಪ್ಪ ಹಾಕಿ ಹೊರಗೆ ಬಂದೋನು ಒದಿಲಮ್ಮನ ಕಿವೀಲಿ ಹೇಳಿದ.

"ನನ್ನ ಹೆಸರು ನಾನು ಹಾಕಲಿಲ್ಲ ಕಣಮ್ಮ. ಬಿಳೀ ಚೀಟೀಲಿ ನಿನ್ನ ಹೆಸರು ಬರೆದೆ. ತನ್ನ ಚೀಟಿ ತಾನೇ ಹಾಕ್ಕೊಳೋದು ಅಂದ್ರೆ ನಮ್ಮಪ್ಪಂಗೆ ನಾಚಿಕೆ. ಯಾರನ್ನ ನಂಬ್ತೀಯೋ ಅವರ ಹೆಸರು ಬರಿ ಅನ್ನೋನು."

ಒದಿಲಮ್ಮ ಅಂಚೆ ಚೀಲದ ಪಟ್ಟಿ ಸರಿ ಮಾಡ್ಕೊಂಡಳು. ಅವತ್ತು ಅವನು ಗೆದ್ದ.

ಆಮೇಲೆ ದೊಡ್ಡ ಕುರ್ಚಿ ಮೇಲೆ ಕಣ್ಣು ಬಿತ್ತು. ಒಂದನೇ ಸಲ ನಿಂತ, ಸೋತ. ಒದಿಲಮ್ಮ ಅಂಚೆ ಕೆಲಸ ಬಿಟ್ಟು ನೂರು ಊರು ಸುತ್ತಿದ್ದಳು. ಎರಡನೇ ಸಲ ನಿಂತ, ಸೋತ. ಒದಿಲಮ್ಮ ಇನ್ನೂರು ಊರು ಸುತ್ತಿದ್ದಳು. ಮೂರನೇ ಸಲ ನಿಂತ. ಈ ಸಲ ಎದುರಿಗೆ ಬರ್ತೆಲಯ್ಯ ಅಂತ, ಸಣ್ಣ ಮೀಸೆ, ಸಣ್ಣ ನಗು, ಮಾತೆಲ್ಲ ಅಳೆದೂ ಸುರಿದೂ ಆಡೋ ಮನುಷ್ಯ. ಒದಿಲಮ್ಮ ಬಿಡದೆ ಮುನ್ನೂರು ಊರು ಸುತ್ತಿದಳು. ಗಾಸ್ಪಾರಪ್ಪ ಗೆದ್ದ. ಮೂರು ಸಲವೂ ಪರದೆ ಹಿಂದೆ ಅವನು ಹಾಕಿದ್ದು ಯಾರ ಚೀಟಿ? ತನ್ನದೇ. ಅಪ್ಪನ ಮಾತು ಎಲ್ಲೋ ದಾರೀಲಿ ಉದುರಿಹೋಗಿತ್ತು.

ಅರಮನೆಗೆ ಹೋದೋನು ಒದಿಲಮ್ಮನ್ನ ಪ್ರಧಾನಿ ಮಾಡಿದ. ಅಷ್ಟು ಮಾತ್ರ ನ್ಯಾಯವಾಗಿ ನಡ್ಕೊಂಡ. ಕಿಚ್ಚು ಹತ್ತಿದ್ದು ಆಮೇಲೆ.

ಒಂದು ದಿನ ಅಧ್ಯಕ್ಷರು ರೊಟ್ಟಿ ಅಂಗಡಿಗೆ ಹೋದ್ರು. ಜನದ ಜೊತೆ ಬೆರೀಬೇಕಲ್ಲ, ಅದಕ್ಕೆ. ಅಂಗಡಿಯೋಳು ಕೈ ಒರೆಸ್ಕೊಂಡು ನಮಸ್ಕಾರ ಮಾಡಿದಳು, ಮೊದಲು ಕೇಳಿದ್ದು ಒದಿಲಮ್ಮ ಬರಲಿಲ್ವಾ ಅಂತ. ಗಾಸ್ಪಾರಪ್ಪ ನಕ್ಕ. ರೊಟ್ಟೀನ ಮಾತ್ರ ಅಲ್ಲೇ ಬಿಟ್ಟು ಬಂದ.

ಇನ್ನೊಂದು ದಿನ ದನಗಳ ಪರಿಷೆ. ಆ ನಾಡಲ್ಲಿ ವರ್ಷಕ್ಕೊಂದು ಸಲ ಎಲ್ಲ ಸೀಮೆ ದನಾನೂ ರಾಜಧಾನಿಗೇ ತರ್ತಾರೆ. ಅಧ್ಯಕ್ಷ ಆದೋನು ಹೋಗಿ ಬೆನ್ನು ತಟ್ಟಬೇಕು, ಚೀಸು ತಿನ್ನಬೇಕು, ರೈತರ ಬೈಗುಳ ಕೇಳಬೇಕು. ಅವನು ಎಷ್ಟು ಹೊತ್ತು ಇದ್ದ ಅಂತ ಜನ ಗಡಿಯಾರ ಹಿಡಿದು ನೋಡ್ತಾರೆ. ಗಾಸ್ಪಾರಪ್ಪ ಐದು ಗಂಟೆ ಹೊತ್ತು ಇದ್ದ, ಕಾಲು ಊದಿತು. ಒದಿಲಮ್ಮ ಆರು ಗಂಟೆ ಹೊತ್ತು ಇದ್ದಳು. ಅವಳು ಗಡಿಯಾರ ನೋಡಿರಲಿಲ್ಲ ಪಾಪ, ಒಂದು ಹಸು ಕರು ಹಾಕ್ತಿತ್ತು, ಅಲ್ಲೇ ಕೂತುಬಿಟ್ಟಳು. ಮಾರನೇ ದಿನ ಪೇಪರಿನಲ್ಲಿ ಬಂದದ್ದು ಒದಿಲಮ್ಮ, ಹಸು, ಕರು. ಅಧ್ಯಕ್ಷನದು ಮೂಲೇಲಿ ಒಂದು ಭುಜ.

ಮೂರನೇದು ಮನೇಲೇ. ಊಟಕ್ಕೆ ಕೂತಾಗ ಹೆಂಡತಿ ಒಂದು ಮಾತಂದಳು, ಒದಿಲಮ್ಮ ಇರೋದ್ರಿಂದ ನಿಮಗೆ ಎಷ್ಟು ನಿಶ್ಚಿಂತೆ ಅಲ್ವಾ ಅಂತ. ಅಷ್ಟೇ. ಗಾಸ್ಪಾರಪ್ಪ ಚಮಚ ಕೆಳಗಿಟ್ಟ. ನಿಮಗೆ ಯಾವತ್ತಾದ್ರೂ ಹೀಗಾಗಿದ್ಯಾ? ನಿಜವಾದ ಮಾತು, ಒಳ್ಳೇ ಮಾತು, ಆದರೂ ಮೈಯೆಲ್ಲ ಉರಿಯುತ್ತೆ. ನನಗಾಗಿದೆ. ದ್ಯಾವೀರಮ್ಮನ ದನಿ ಚೆಂದ ಅಂತ ನನ್ನ ಸ್ವಂತ ಸೊಸೆ ಅಂದಾಗ ಆಯ್ತು.

ಹೊಟ್ಟೆಕಿಚ್ಚಿನೋನು ನೆಟ್ಟಗೆ ಇರ್ತಾನಾ? ಇರಲ್ಲ. ಅವಳನ್ನ ಸುಮ್ಮನೆ ತೆಗೆದ್ರೆ ಜನ ಉಗೀತಾರೆ. ಅದಕ್ಕೆ ಒಂದು ಉಪಾಯ ಹೂಡಿದ. ಬೇಕಾದಾಗ ಸಭೇನ ವಿಸರ್ಜನೆ ಮಾಡಿ ಹೊಸದಾಗಿ ಚೀಟಿ ಹಾಕ್ಸೋ ಅಧಿಕಾರ ಅಧ್ಯಕ್ಷನಿಗೆ ಇತ್ತು. ಈಗಿನ ಸಭೆ ಒದಿಲಮ್ಮನ ಮುಖ ನೋಡ್ಕೊಂಡು ಕೂತಿದೆ. ಹೊಸ ಸಭೆ ನನ್ನ ಮುಖ ನೋಡಿ ಗೆದ್ದು ಬರಲಿ. ಆಮೇಲೆ ಆ ಕುರ್ಚೀಲಿ ಯಾರನ್ನ ಬೇಕಾದ್ರೂ ಕೂರಿಸ್ತೀನಿ ಅಂತ ಲೆಕ್ಕ. ಬುಧವಾರ ಮೇಜಿನ ಈಚೆಯಿಂದ, ಸಭೆ ವಿಸರ್ಜನೆ ಮಾಡ್ತೀನಿ ಅಂತ ಅವಳಿಗೆ ಹೇಳಿದ.

ಒದಿಲಮ್ಮ ಮುಂದಿದ್ದ ಕಾಗದ ಬದಿಗಿಟ್ಟಳು. ಆಮೇಲೆ ಅಂದಳು, "ಬೇಡ ಅಣ್ಣ. ಸಭೆಗೆ ಇನ್ನೂ ಮೂರು ವರ್ಷ ಇದೆ. ಚೀಟಿ ಬೇಕು ಅಂತ ಕೇಳದೇ ಇರೋ ಜನದ ಕೈಗೆ ಚೀಟಿ ಕೊಟ್ರೆ, ನೀವು ಕೇಳಿದ್ದಕ್ಕೆ ಅವರು ಉತ್ತರ ಕೊಡಲ್ಲ. ತಮ್ಮ ಮನಸ್ಸಲ್ಲಿ ಇರೋದನ್ನ ಹೇಳ್ತಾರೆ."

ಅವನಿಗೆ ಅದೂ ಜಂಭದ ಮಾತಾಗಿ ಕೇಳಿಸ್ತು. ಸಭೆ ವಿಸರ್ಜನೆ ಮಾಡಿದ. ಗೋಡೆ ಗೋಡೆಗೆ ತನ್ನ ಪಟ ಹಾಕ್ಸಿದ, ಒದಿಲಮ್ಮನದು ಒಂದೂ ಬೇಡ ಅಂದ. ಜನ ಗೋಡೆ ನೋಡಿದ್ರು. ಈ ಗೋಡೆ ನೋಡಿದ್ರು, ಆ ಗೋಡೆ ನೋಡಿದ್ರು. ಒದಿಲಮ್ಮ ಎಲ್ಲಿ ಅಂದ್ರು. ಇಲ್ಲ ಅಂದಾಗ ಹೋಗಿ ಬರ್ತೆಲಯ್ಯನ ಕಡೆಯೋರಿಗೆ ಚೀಟಿ ಹಾಕಿ ಬಂದ್ರು. ಗಾಸ್ಪಾರಪ್ಪನ ಕಡೆ ಮಣ್ಣು ಮುಕ್ಕಿತು.

ಕಾನೂನು ಹೇಳಿದ್ನಲ್ಲ, ಈಗ ನೆನಪಿಸ್ಕೊಳಿ. ಅಧ್ಯಕ್ಷ ಹೋಗೋ ಹಾಗಿಲ್ಲ, ಅವನ ಏಳು ವರ್ಷದಲ್ಲಿ ಇನ್ನೂ ಐದು ಬಾಕಿ. ಪ್ರಧಾನಿ ಮಾತ್ರ ಗೆದ್ದ ಕಡೆಯೋನು. ಬುಧವಾರ ಬೆಳಗ್ಗೆ ಬಾಗಿಲು ತೆಗೀತು, ಯಾರು ಬಂದ್ರು? ಬರ್ತೆಲಯ್ಯ. ಎದುರು ಕುರ್ಚಿ ಎಳ್ಕೊಂಡು ಕೂತ. ಪೆನ್ಸಿಲು ತೆಗೆದ, ಸಾವಕಾಶವಾಗಿ ಚೂಪು ಮಾಡಿದ. ಕೆಲಸ ಎಲ್ಲ ಮುಗಿದ ಮೇಲೆ ಎದ್ದು, ಸಣ್ಣಗೆ ನಕ್ಕು, "ಒದಿಲಮ್ಮ ಚೆನ್ನಾಗಿದ್ದಾರಾ?" ಅಂತ ಕೇಳಿದ. ಮುಂದಿನ ಬುಧವಾರವೂ ಕೇಳಿದ. ಅದರ ಮುಂದಿನ ಬುಧವಾರವೂ ಕೇಳಿದ. ಐದು ವರ್ಷ, ಒಂದು ಬುಧವಾರ ತಪ್ಪಿಸದೆ ಕೇಳಿದ.

ಒದಿಲಮ್ಮ ಏನು ಮಾಡಿದಳು? ಬೆಟ್ಟಕ್ಕೆ ವಾಪಸ್ಸು ಹೋದಳು. ಊರೋರು ಪಂಚಾಯ್ತಿ ಚೇರ್ಮನ್ ಮಾಡಿದ್ರು, ಗಾಸ್ಪಾರಪ್ಪ ಕೂರ್ತಿದ್ದ ಅದೇ ಕುರ್ಚಿ. ಅವನ ಬಗ್ಗೆ ಒಂದು ಕೆಟ್ಟ ಮಾತು ಅವಳ ಬಾಯಿಂದ ಯಾರೂ ಕೇಳಲಿಲ್ಲ. ಬೈದಿದ್ರೆ ಅವನಿಗೂ ಎಷ್ಟೋ ಸಮಾಧಾನ ಆಗೋದು.

ಏಳು ವರ್ಷ ಮುಗೀತು. ಗಾಸ್ಪಾರಪ್ಪ ಇನ್ನೊಂದು ಸಲ ನಿಲ್ಲೋಣ ಅಂತ ತನ್ನ ಕಡೆಯೋರ ಮುಖ ನೋಡಿದ. ಅವರು ನೆಲ ನೋಡಿದ್ರು. ಆಮೇಲೆ ಎಲ್ಲರೂ ಸೇರಿ ಬೆಟ್ಟ ಹತ್ತಿ ಹೋಗಿ ಒದಿಲಮ್ಮನ್ನ ನಿಲ್ಲು ಅಂತ ಬೇಡ್ಕೊಂಡ್ರು. ಒಪ್ಪಿದಳು. ಎದುರಿಗೆ ಬರ್ತೆಲಯ್ಯ. ಗಾಸ್ಪಾರಪ್ಪ ಪೆಟ್ಟಿಗೆ ಕಟ್ಕೊಂಡು ಊರಿಗೆ ಬಂದ.

ಚೀಟಿ ಹಾಕೋ ಭಾನುವಾರ. ಊರ ಸ್ಕೂಲಲ್ಲಿ ಪೆಟ್ಟಿಗೆ ಇಟ್ಟಿದ್ರು. ಚೇರ್ಮನ್ ಆದೋರೇ ಪೆಟ್ಟಿಗೆ ಕಾಯಬೇಕು ಅನ್ನೋದು ಪದ್ಧತಿ, ಹಾಗಾಗಿ ಒದಿಲಮ್ಮನೇ ಕೂತಿದ್ದಳು. ಚೀಟಿ ಹಾಕೋರು ಊರಲ್ಲಿ ಒಟ್ಟು ಇನ್ನೂರ ಹನ್ನೆರಡು ಜನ. ಗಾಸ್ಪಾರಪ್ಪ ಸಾಲಲ್ಲಿ ನಿಂತ, ಪರದೆ ಹಿಂದೆ ಹೋದ. ಒಂದು ಕೈಲಿ ಒದಿಲಮ್ಮನ ಚೀಟಿ, ಒಂದು ಕೈಲಿ ಬರ್ತೆಲಯ್ಯನ ಚೀಟಿ. ಒದಿಲಮ್ಮನದನ್ನ ಮಡಚಿದ. ರೊಟ್ಟಿ ಅಂಗಡಿ ನೆನಪಾಯ್ತು. ಬಿಡಿಸಿದ. ಮತ್ತೆ ಮಡಚಿದ. ಹಸು, ಕರು ನೆನಪಾಯ್ತು. ಬಿಡಿಸಿದ. ಮೂರನೇ ಸಲ ಮಡಚಿದ. ಹೆಂಡತಿ ಮಾತು ನೆನಪಾಯ್ತು. ಕೇಳಿ, ನಾಚಿಕೆಗೇಡು ಕೇಳಿ. ಐದು ವರ್ಷ ಎದುರಿಗೆ ಕೂತು ಪೆನ್ಸಿಲು ಚೂಪು ಮಾಡಿದನಲ್ಲ, ಆ ಬರ್ತೆಲಯ್ಯನ ಚೀಟಿ ತಗೊಂಡು ಲಕೋಟೆಗೆ ತುರುಕಿದ.

ಪೆಟ್ಟಿಗೆಗೆ ಬಿಟ್ಟ. ಒದಿಲಮ್ಮ ಎಲ್ಲರಿಗೂ ಕೂಗಿದ ದನೀಲೇ ಕೂಗಿದಳು, "ಗಾಸ್ಪಾರ್, ಮತ ಹಾಕಿದ್ದಾರೆ." ಆಮೇಲೆ ಮೆಲ್ಲಗೆ, ಮಂಡಿ ನೋವು ಹೇಗಿದೆ ಅಣ್ಣ ಅಂತ ವಿಚಾರಿಸಿದಳು.

ಸಂಜೆ ಎಣಿಕೆ. ಊರೋರೇ ಸುತ್ತ ಕೂತು ಎಣಿಸ್ತಾರೆ ಅಲ್ಲಿ. ಮೇಷ್ಟ್ರು ಲಕೋಟೆ ಬಿಡಿಸಿ ಓದ್ತಾ ಹೋದ್ರು. ಒದಿಲ್. ಒದಿಲ್. ಒದಿಲ್. ನೂರು ದಾಟ್ತು, ನೂರೈವತ್ತು ದಾಟ್ತು. ಇದ್ದಕ್ಕಿದ್ದ ಹಾಗೆ, ಬರ್ತೆಲಯ್ಯ ಒಂದು.  ನಮ್ಮೂರಲ್ಲಿ ಯಾರಪ್ಪ ಇದು ಅಂತ ಎಲ್ಲರೂ ಒಬ್ಬರ ಮುಖ ಒಬ್ಬರು ನೋಡಿ, ಕಡೆಗೆ ಹೊಸದಾಗಿ ಬಂದು ಔಷಧಿ ಅಂಗಡಿ ಇಟ್ಟಿದ್ದ ಪರವೂರಿನೋನ ಮೇಲೆ ಕಣ್ಣು ಬಿಟ್ರು. ಅವನು ಬೆವರಿದ. ಗಾಸ್ಪಾರಪ್ಪ ಕಿಟಕಿ ನೋಡ್ತಿದ್ದ.

ಇನ್ನೇನು ಮುಗೀತು ಅನ್ನೋವಾಗ ಒಂದು ಬಿಳೀ ಚೀಟಿ ಬಂತು, ಕೈಲಿ ಬರೆದದ್ದು. ಮೇಷ್ಟ್ರು ಓದಿ ಕೆಮ್ಮಿದ್ರು. "ಗಾಸ್ಪಾರ್" ಅಂದ್ರು. ಕೋಣೆಯೆಲ್ಲ ನಗು. ಚುನಾವಣೆಗೆ ನಿಲ್ಲದೇ ಇದ್ರೂ ತನ್ನ ಹೆಸರು ತಾನೇ ಬರ್ಕೊಂಡಿದ್ದಾನೆ, ಕುರ್ಚಿ ಆಸೆ ಇನ್ನೂ ಬಿಟ್ಟಿಲ್ಲ ಮುದುಕಂಗೆ ಅಂತ ಹಿಂದಿನ ಬೆಂಚಿನೋರು ಬಾಯಿಗೆ ಟೋಪಿ ಹಿಡ್ಕೊಂಡ್ರು.

ಮೇಷ್ಟ್ರು ಚೀಟಿ ಎತ್ತಿ ತೋರಿಸಿದ್ರು. ಗಾಸ್ಪಾರಪ್ಪ ನೋಡಿದ. ಮೊದಲ ಅಕ್ಷರದ ಬಾಲ ಎಳೆದು ಮೇಲಕ್ಕೆ ಸುತ್ತಿತ್ತು, ಕರು ಬಾಲ ಎತ್ತಿದ ಹಾಗೆ.

ಸುಮ್ಮನೆ ಇರಬಹುದಿತ್ತು. ನಗೆ ಆದ್ರೆ ಒಂದು ಸಂಜೆ ನಗೆ. ಆ ಚೀಟಿ ನಂದೇ ಅಂದಿದ್ರೆ ಇನ್ನೊಂದು ಚೀಟಿ ಅವನದು ಅಂತ ಯಾರಿಗೂ ಗೊತ್ತಾಗ್ತಿರಲಿಲ್ಲ, ಔಷಧಿಯೋನ ತಲೆ ಮೇಲೇ ಕೂರೋದು. ಅವನು ಮಂಡಿ ಹಿಡ್ಕೊಂಡು ಎದ್ದು ನಿಂತ.

"ಅದು ನನ್ನ ಚೀಟಿ ಅಲ್ಲ," ಅಂದ. "ಬರ್ತೆಲಯ್ಯನ ಚೀಟಿ ನಂದು."

ಯಾರೂ ನಗಲಿಲ್ಲ. ಒದಿಲಮ್ಮ ತಲೆ ಎತ್ತಿ ಅವನನ್ನ ನೋಡಿದಳು. ಅಷ್ಟು ವರ್ಷಕ್ಕೆ ಮೊದಲ ಸಲ ಅವಳ ಕಣ್ಣಲ್ಲಿ ನೀರಿತ್ತು. "ಯಾರ ಚೀಟಿ ಯಾರದು ಅಂತ ಈ ಕೋಣೇಲಿ ಹೇಳೋ ಹಾಗಿಲ್ಲ ಅಣ್ಣ, ಕಾನೂನು," ಅಂದಳು. "ಕೂತ್ಕೊಳಿ. ಮೇಷ್ಟ್ರೇ, ಬರ್ಕೊಳಿ. ನನಗೆ ಇನ್ನೂರ ಹತ್ತು, ಅವರಿಗೆ ಒಂದು, ನಿಲ್ಲದೋರ ಹೆಸರು ಅಂತ ತಳ್ಳಿಹಾಕಿದ್ದು ಒಂದು."

ಎಲ್ಲರೂ ಎದ್ದು ಹೋದ ಮೇಲೆ ಗಾಸ್ಪಾರಪ್ಪ ಆ ಬಿಳೀ ಚೀಟಿ ನನಗೆ ಕೊಡ್ತೀಯಾ ಅಂತ ಕೇಳಿದ. ಕೊಡೋಕಾಗಲ್ಲ ಅಂದಳು. ತಳ್ಳಿಹಾಕಿದ ಚೀಟೀನ ಪುಸ್ತಕಕ್ಕೆ ಹೊಲಿದು ಪಂಚಾಯ್ತಿ ಕಚೇರೀಲಿ ಇಡಬೇಕು, ಅದೂ ಕಾನೂನು. ಸೂಜಿ ದಾರ ತಗೊಂಡು ತಾನೇ ಹೊಲಿದಳು. ಮಾರನೇ ದಿನ ಇಡೀ ನಾಡಿನ ಎಣಿಕೆ ಬಂತು. ಅವಳು ಗೆದ್ದಿದ್ದಳು, ಅರಮನೆಗೆ ಹೋದಳು.

ಗಾಸ್ಪಾರಪ್ಪ ಈಗ ಊರಲ್ಲೇ ಇದ್ದಾನಂತೆ. ಬುಧವಾರ ಬೆಳಗ್ಗೆ ಕಚೇರಿ ಬಾಗಿಲು ತೆಗೆಯೋ ಹೊತ್ತಿಗೆ ಹೋಗಿ, ಆ ಪುಸ್ತಕ ತೆಗೆಸಿ, ಎದುರಿಗಿಟ್ಕೊಂಡು ಕೂತಿರ್ತಾನಂತೆ. ಬರ್ತೆಲಯ್ಯನ ಪ್ರಶ್ನೇನ ಈಗ ಅವನೇ ಕಚೇರಿಯೋರಿಗೆ ಕೇಳ್ತಾನಂತೆ, ಒದಿಲಮ್ಮ ಚೆನ್ನಾಗಿದ್ದಾಳಾ ಅಂತ.

ಏನು, ಎದ್ರಾ? ತಡೀರಿ, ಚೆನ್ನಾಗಿತ್ತು ಅನ್ನೋಕೆ ಮುಂಚೆ ಒಂದು ಮಾತು ಬಾಕಿ ಇದೆ. ಈ ಕಥೆ ನಂದಲ್ಲ. ಹರೆಯದಲ್ಲಿ ಪಾಂಡಿಚೇರೀಲಿ ದೊರೆಸಾನಿ ಮನೆ ಅಡಿಗೆಗೆ ಇದ್ದೋಳು ಮೂಡಲ ಕೇರಿ ದ್ಯಾವೀರಮ್ಮ. ಅವಳು ಅಲ್ಲಿ ಕೇಳಿ ಬಂದು, ರಾಗಿ ಬೀಸ್ತಾ ನನಗೆ ಹೇಳ್ಕೊಟ್ಟಿದ್ದು. ನಲವತ್ತು ವರ್ಷದಿಂದ ನನ್ನ ಕಥೆ ಅಂತಾನೇ ಹೇಳ್ತಿದ್ದೆ. ಕಥೆ ಅವಳದು, ಜಗಲಿ ನಂದು, ಕಿವಿ ನಿಮ್ಮದು. ನಾನು ದೀಪ ಹಚ್ತೀನಿ, ನೀವು ನಿಮ್ಮ ನಿಮ್ಮ ಮನೆ ದೀಪ ಹಚ್ಕೊಳಿ.