ಜನರಲ್ ಸಾಹೇಬರು ಬರೆಸದೆ ಬಿಟ್ಟ ಸೇತುವೆ

ಅರವತ್ತೊಂದನೇ ಇಸವಿ, ನವೆಂಬರ್ ತಿಂಗಳು. ರಾತ್ರಿ ಹತ್ತು ದಾಟಿತ್ತು, ದಟ್ಟ ಮಂಜು. ನಮ್ಮ ಚಿಕ್ಕಪ್ಪನ ಮಗಳು ಮ್ಯೂರಿಯಲ್ ಟೈಪಿಂಗ್ ಕೆಲಸ ಮುಗಿಸಿ ಸೈಕಲ್ ತಳ್ಳಿಕೊಂಡು ಚರ್ಚಿನ ಹಿಂದಿನ ಬಾವಿ ದಾಟ್ತಿದ್ದಳು. ಇದೇ ನಮ್ಮ ವಿಲ್ಟ್‌ಶೈರಿನ ಹಳ್ಳಿಯ ಬಾವಿ, ನೀವೆಲ್ಲ ನೋಡಿರೋದೇ.

ಹಿಂದುಗಡೆ ಸದ್ದು. ಪಚ್... ಪಚ್... ನೀರು ತುಂಬಿದ ಬೂಟಲ್ಲಿ ಯಾರೋ ನಡೆದ ಹಾಗೆ. ಅವಳು ನಿಂತಳು. ಅದೂ ನಿಂತಿತು.

“ಮಿಸ್... ಸಾಹೇಬರ ಪುಸ್ತಕ ಸೇತುವೆ ತನಕ ಬಂತಾ?”

ಪಿಸುಮಾತು. ಗಂಡು ದನಿ, ವೇಲ್ಸ್ ಕಡೆಯವರ ರಾಗ.

“ಯಾವ ಸೇತುವೆ?”

ಟಾರ್ಚ್ ಹಾಕಿದಳು. ಯಾರೂ ಇಲ್ಲ.

ಅವಳು ಟೈಪ್ ಮಾಡ್ತಿದ್ದದ್ದು ಮೇಜರ್ ಜನರಲ್ ಲಯನೆಲ್ ಹಾರ್ಗ್ರೇವ್ ಅವರ ಆತ್ಮಕತೆ. ಹತ್ತೊಂಬತ್ತಕ್ಕೇ ಸೈನ್ಯ ಸೇರಿದವರು. ಎರಡನೇ ಮಹಾಯುದ್ಧದಲ್ಲಿ ಇಟಲೀಲಿ ಕರ್ನಲ್, ಎದೆ ಮೇಲೆ ಪದಕ, ಆಮೇಲೆ ಬ್ರಿಗೇಡಿಯರ್, ಕೊನೆಗೆ ಜನರಲ್. ದಿನಾ ಸಂಜೆ ಅವರು ಹೇಳೋರು, ಇವಳು ಟಕಟಕ ಬಡಿಯೋಳು. ಮೊದಲ ಕುದುರೆಯ ಹೆಸರು, ಮೆಸ್ಸಿನ ಸಪ್ಪೆ ಸೂಪು, ಒಂದನ್ನೂ ಬಿಟ್ಟಿರಲಿಲ್ಲ. ಇಟಲಿಗೆ ಬಂದಾಗ ಮಾತ್ರ ಒಂದು ಸಾಲಲ್ಲಿ ನದಿ ದಂಡೆ, ಮುಂದಿನ ಸಾಲಲ್ಲಿ ಲಂಡನ್, ಪದಕ. ನಡುವೆ ಹನ್ನೊಂದು ದಿನ ಮಾಯ! ಮ್ಯೂರಿಯಲ್‌ಗೆ ಅನುಮಾನ ಹತ್ತಿತು.

ಮೂರು ರಾತ್ರಿ ಅದೇ ಪ್ರಶ್ನೆ. ನನ್ನ ಹತ್ತಿರ ಹೇಳಿದಾಗ ನಾನು ನಕ್ಕೆ. “ಈ ವಯಸ್ಸಲ್ಲಿ ನಿನ್ನ ಹಿಂದೆ ಬೀಳೋಕೆ ದೆವ್ವನೇ ಆಗಿರಬೇಕು ಬಿಡು.” ಅವಳು ನಗಲಿಲ್ಲ.

ನಾಲ್ಕನೇ ದಿನ ಸಾಹೇಬರನ್ನೇ ಕೇಳಿದಳು. “ಸರ್, ಸೇತುವೆ ವಿಷಯ ಬಿಟ್ಟು ಹೋಗಿದೆ.”

ಅವರು ಚಹಾದ ಕಪ್ಪು ಕೆಳಗಿಟ್ಟರು. “ಯಾರ್ರೀ ಹೇಳಿದ್ದು? ಪೇಪರಿನವನಾ?”

“ಅಲ್ಲ ಸರ್. ವೇಲ್ಸ್ ಕಡೆಯವನು. ಬೂಟಲ್ಲಿ ನೀರಿತ್ತು.”

“ಪ್ರೋಸರ್,” ಅಂದರು ಮೆಲ್ಲಗೆ. “ನನ್ನ ಸಾರ್ಜೆಂಟು. ಹತ್ತು ಗಂಟೆ ತನಕ ಸೇತುವೆ ಉಳಿಸಿರ್ತೀನಿ ಅಂತ ಅವನಿಗೆ ಮಾತು ಕೊಟ್ಟಿದ್ದೆ. ಒಂಬತ್ತೂ ಮುಕ್ಕಾಲಿಗೇ ಉಡಾಯಿಸಿಬಿಟ್ಟೆ. ಆಚೆ ದಡದಲ್ಲಿ ಅವನೂ ಸೇರಿ ನಮ್ಮವರೇ ಇಪ್ಪತ್ತಾರು ಜನ... ಈಜೋಕೆ ನೋಡಿದ್ರು, ಒಬ್ಬನೂ ಈಚೆ ಬರಲಿಲ್ಲ. ವರದೀಲಿ ಹತ್ತು ಗಂಟೆ ಅಂತ ಬರೆದೆ.”

“ಯಾಕೆ ಸರ್?”

“ಶತ್ರುಗಳು ದಾಟಿ ಬಂದುಬಿಡ್ತಾರೆ ಅಂತ ಹೆದರಿದ್ದೆ. ಇದನ್ನ ಟೈಪ್ ಮಾಡಬೇಡಿ.”

ಮ್ಯೂರಿಯಲ್ ಮೆಷಿನ್ನಿನಿಂದ ಕೈ ತೆಗೆದಳು. “ಹಾಗಾದ್ರೆ ನಾಳೆಯಿಂದ ನಾನು ಬರಲ್ಲ. ರಾತ್ರಿ ಆ ದಾರೀಲಿ ಅವನಿಗೆ ಉತ್ತರ ಕೊಡಬೇಕಾದವಳು ನಾನು, ನೀವಲ್ಲ.”

ಸಾಹೇಬರು ಎದ್ದರು. ಕೋಟು ಹಾಕ್ಕೊಂಡು ಬಾವಿ ಕಡೆ ಹೊರಟರು. ಹಿಂದೆಯೇ ಹೋದ ಇವಳು ಚರ್ಚಿನ ಗೋಡೆ ಹತ್ತಿರವೇ ನಿಂತುಬಿಟ್ಟಳು. ಮಂಜಿನೊಳಗಿಂದ ಅವರ ದನಿ ಕೇಳಿಸ್ತು, ಹಾಜರಿ ಕೂಗ್ತಿದ್ದರು. ಒಂದೊಂದು ಹೆಸರಿಗೂ ಒಂದೊಂದು ದಿಕ್ಕಿನಿಂದ, “ಸರ್”... “ಸರ್”... ಎಲ್ಲ ಬೇರೆ ಬೇರೆ ಗಂಟಲು. ಇಪ್ಪತ್ತಾರು ಸಲ. ಆಮೇಲೆ ಸಾಹೇಬರು ಅಳುದನಿಯಲ್ಲಿ ಕ್ಷಮೆ ಕೇಳಿದರು.

ಅದಕ್ಕೆ ಮಾತ್ರ ಒಬ್ಬರೂ ಉತ್ತರ ಕೊಡಲಿಲ್ಲ.

ಮಾರನೇ ದಿನ ಎಲ್ಲವನ್ನೂ ಬರೆಸಿದರು, ನಿಜವಾದ ಗಂಟೆ ಸಮೇತ. ಪುಸ್ತಕ ಬಂತು. ಹಳೇ ರೆಜಿಮೆಂಟಿನವರು ಇವರ ಮನೆಗೆ ಬರೋದು ಬಿಟ್ಟರು. ಮುಂದಿನ ಚಳಿಗಾಲದಲ್ಲಿ ಸಾಹೇಬರು ತೀರಿಕೊಂಡರು.

ಶವಪೆಟ್ಟಿಗೆ ಹೊರೋಕೆ ಸೈನ್ಯದಿಂದ ಎಂಟು ಹುಡುಗರನ್ನು ಕಳಿಸಿದ್ದರು. ಆಗ ನಾನು ಆ ಪೆಟ್ಟಿಗೆ ಮಾಡೋ ಅಂಗಡೀಲಿ ಕೆಲಸಕ್ಕಿದ್ದೆ. ಚರ್ಚಿನಿಂದ ಸಮಾಧಿಗೆ ಹೋಗ್ತಾ ಅರ್ಧ ದಾರೀಲಿ ಹುಡುಗರು ನಿಂತುಬಿಟ್ಟರು. ಮುಂದಿದ್ದವನು ನನ್ನ ಕಿವಿ ಹತ್ತಿರ ಬಗ್ಗಿದ.

“ಒಳಗೆ ಇದ್ದಾರಾ?”

“ಯಾಕಪ್ಪಾ?”

“ಭಾರನೇ ಇಲ್ಲ. ನಾವು ಸುಮ್ನೆ ಹೆಗಲು ತಾಗಿಸ್ಕೊಂಡಿದೀವಿ. ಹೊತ್ತಿರೋದು ನಾವಲ್ಲ... ಪಕ್ಕದಲ್ಲಿ ಪಚ್ ಪಚ್ ಅಂತ ಬೂಟಿನ ಸದ್ದು.”

ಪಾದ್ರಿಗಳು ಬೇಡ ಅಂದರೂ ಪೆಟ್ಟಿಗೆ ಇಳಿಸಿ ಮುಚ್ಚಳದ ಸ್ಕ್ರೂ ಬಿಚ್ಚಿದೆವು.

ಸಾಹೇಬರು ಒಳಗೇ ಇದ್ದರು. ನಗಬೇಡಿ. ಬಗ್ಗಿ ನೋಡಿದವನು ನಾನೇ.